ಪಾದರಸ ತುಂಬಿದ ಚಕ್ರ ನಿಜಕ್ಕೂ ನಿಲ್ಲದೆ ತಿರುಗುತ್ತಾ?

ಇಲ್ಲ, ತಿರುಗುವುದಿಲ್ಲ. ಕಥೆ ಬರೆಯುತ್ತಿರುವ ಒಬ್ಬರು ಹೀಗೆ ಕೇಳಿದ್ದರು; ಅವರ ಕಥೆಯಲ್ಲಿ ವಿಜಯಪುರದ ಸಂಶೋಧಕನೊಬ್ಬ ಅಂಥ ಚಕ್ರದ ಬಂಡಿಯಲ್ಲಿ ಲೋಕ ಸುತ್ತುತ್ತಾನಂತೆ. ಸುತ್ತಲಿ ಬಿಡಿ, ಕಥೆ ಅಲ್ವಾ! ಆದರೆ ಕಲ್ಪನೆ ಹಳೆಯದು. 1150ರ ‘ಸಿದ್ಧಾಂತ ಶಿರೋಮಣಿ’ಯಲ್ಲಿ ಭಾಸ್ಕರಾಚಾರ್ಯರೇ ಇದನ್ನು ಬರೆದಿದ್ದಾರೆ: ಹಗುರ ಮರದ ಚಕ್ರ, ಓರೆಯಾಗಿ ಕೂರಿಸಿದ ಟೊಳ್ಳು ಕಡ್ಡಿಗಳು, ಒಂದೊಂದರಲ್ಲೂ ಅರ್ಧ ಪಾದರಸ, ತುದಿ ಬಂದ್. ತಾನೇ ತಿರುಗುತ್ತದೆ ಎಂದಿದ್ದಾರೆ. (ಅವರ ಊರು ವಿಜಯಪುರ ಅನ್ನುವುದು ನಮ್ಮವರ ಹೆಮ್ಮೆ, ಮಹಾರಾಷ್ಟ್ರದವರು ಒಪ್ಪಲ್ಲ.)

ಇಳಿಯುವ ಕಡೆ ಪಾದರಸ ಅಂಚಿಗೆ ಸರಿಯುತ್ತದೆ, ಹಾಗಾಗಿ ಎಳೆತ ಜಾಸ್ತಿ. ನಮ್ಮ ಕಣ್ಣಿಗೆ ಬೀಳುವುದು ಇಷ್ಟೇ. ಏರುವ ಕಡೆ ಅದು ಅಚ್ಚಿಗೆ ಹತ್ತಿರ ಇರುತ್ತದೆ ನಿಜ, ಆದರೆ ಒಟ್ಟು ಪಾದರಸ ಆ ಬದಿಗೇ ಜಾಸ್ತಿ. ಹಲಗೆಯ ಒಂದು ತುದಿಯಲ್ಲಿ ಒಬ್ಬ, ಇನ್ನೊಂದು ಕಡೆ ನಡುವಿಗೆ ಹತ್ತಿರ ಇಬ್ಬರು ಕೂತಂತೆ. ಎರಡೂ ಸರಿದೂಗುತ್ತವೆ. ಮೇಲೆ ಅಚ್ಚಿನ ತಿಕ್ಕಾಟ ಬೇರೆ.

ನಾನೊಮ್ಮೆ ಸೈಕಲ್ಲನ್ನು ತಲೆಕೆಳಗೆ ನಿಲ್ಲಿಸಿ, ಕಡ್ಡಿಗಳಿಗೆ ಅರ್ಧ ನೀರಿನ ಪುಟ್ಟ ಬಾಟಲಿ ಕಟ್ಟಿ ನೋಡಿದ್ದೆ. ಜೋರಾಗಿ ತಳ್ಳಿದೆ. ಗುಳುಗುಳು ಸದ್ದು, ನಾಲ್ಕೈದು ಸುತ್ತು, ಆಮೇಲೆ ತೊಟ್ಟಿಲಿನ ಹಾಗೆ ಆಕಡೆ ಈಕಡೆ ತೂಗಿ ನಿಂತಿತು. ಖಾಲಿ ಗಾಲಿಯೇ ಇದಕ್ಕಿಂತ ಜಾಸ್ತಿ ಹೊತ್ತು ತಿರುಗಿತ್ತು.