ಸಂಪಾದಕರ ಉತ್ತರ: ತಾಯಿಯಲ್ಲ, ಅಕ್ಕ

(ಶಿರಸಿಯ ನಿವೃತ್ತ ಸಂಸ್ಕೃತ ಮೇಷ್ಟ್ರೊಬ್ಬರ ಪತ್ರದ ಸಾರ ಇದು: "ಸಂಸ್ಕೃತ, ಗ್ರೀಕ್, ಲ್ಯಾಟಿನ್ ಅಕ್ಕತಂಗಿಯರು ಎಂದು ಹಿಂದಿನ ಸಂಚಿಕೆಯಲ್ಲಿ ಬರೆದಿದ್ದೀರಿ. ಇದು ತಪ್ಪು. ಸಂಸ್ಕೃತವೇ ತಾಯಿ, ಯುರೋಪಿನ ಭಾಷೆಗಳೆಲ್ಲ ಮಕ್ಕಳು. ಸಾಕ್ಷಿಗೆ ಪದಗಳ ಪಟ್ಟಿ ಜೊತೆಗಿಟ್ಟಿದ್ದೇನೆ. ತಿದ್ದುಪಡಿ ಪ್ರಕಟಿಸಿ. ಇನ್ನೊಂದು ವಿಷಯ. ಬೆಂಗಳೂರಿನಲ್ಲಿ ಜರ್ಮನ್ ಕಲಿಯುತ್ತಿರುವ ನನ್ನ ಮೊಮ್ಮಗಳು ಕೇಳುತ್ತಾಳೆ: ಜರ್ಮನ್ನಿನಲ್ಲಿ ಅಪ್ಪನಿಗೆ ಫಾಟರ್, ಅಣ್ಣನಿಗೆ ಬ್ರೂಡರ್. ಒಂದರಲ್ಲಿ ಟ, ಇನ್ನೊಂದರಲ್ಲಿ ಡ ಯಾಕೆ? ನನಗೆ ಗೊತ್ತಾಗಲಿಲ್ಲ.")

ಮೇಷ್ಟ್ರೇ, ನಮಸ್ಕಾರ.

ತಿದ್ದುಪಡಿ ಪ್ರಕಟಿಸುವುದಿಲ್ಲ. ಮೊದಲೇ ಹೇಳಿಬಿಡುತ್ತೇನೆ, ಸುಮ್ನೆ ಕಾಯಿಸಬಾರದು. ಆದರೆ ನಿಮ್ಮ ಪಟ್ಟಿ ಬಹಳ ಚೆನ್ನಾಗಿದೆ. ಸರಿಯಾದದ್ದೂ ತಪ್ಪಾದದ್ದೂ ಒಂದೇ ಕಡೆ ಸಿಕ್ಕಿದರೆ ವಿಷಯ ವಿವರಿಸುವುದು ಸುಲಭ.

ಮಾತೃ–ಮದರ್, ನಾಮ–ನೇಮ್, ನಾಸಿಕ–ನೋಸ್ ಎಂದು ಬರೆದಿದ್ದೀರಿ. ಮೂರೂ ಸರಿ. ಸಂಬಂಧ ನಿಜ, ಯಾರ ತಕರಾರೂ ಇಲ್ಲ. ಸರ್ಪ–ಸರ್ಪೆಂಟ್ ಕೂಡ ಸರಿ. ಈ ಹೋಲಿಕೆ ಮೊದಲು ಕಣ್ಣಿಗೆ ಬಿದ್ದದ್ದೂ ನಮ್ಮ ಕರಾವಳಿಯ ಆಸುಪಾಸಿನಲ್ಲೇ. ಫ್ಲಾರೆನ್ಸಿನ ವ್ಯಾಪಾರಿ ಫಿಲಿಪ್ಪೊ ಸಾಸೆಟ್ಟಿ 1580ರ ದಶಕದಲ್ಲಿ ಕೊಚ್ಚಿ, ಗೋವೆಗಳಲ್ಲಿದ್ದ. ಸಂಸ್ಕೃತದ ಎಣಿಕೆಯ ಪದಗಳು, ದೇವರು ಮತ್ತು ಹಾವಿನ ಹೆಸರು ಇವೆಲ್ಲ ತನ್ನ ಇಟಾಲಿಯನ್ ಪದಗಳ ಹಾಗೇ ಇವೆಯಲ್ಲ ಎಂದು ಊರಿಗೆ ಕಾಗದ ಬರೆದ. ಗೋವೆಯಲ್ಲಿದ್ದ ಇಂಗ್ಲಿಷ್ ಪಾದ್ರಿ ಥಾಮಸ್ ಸ್ಟೀಫನ್ಸ್ 1583ರಲ್ಲೇ ತನ್ನ ಸಹೋದರನಿಗೆ ಇಂಥದ್ದೇ ಮಾತು ಬರೆದಿದ್ದ. ಆಗ ಯಾರೂ ತಲೆ ಕೆಡಿಸಿಕೊಳ್ಳಲಿಲ್ಲ. 1786ರಲ್ಲಿ ಕಲ್ಕತ್ತೆಯ ನ್ಯಾಯಾಧೀಶ ವಿಲಿಯಂ ಜೋನ್ಸ್ ಏಷ್ಯಾಟಿಕ್ ಸೊಸೈಟಿಯಲ್ಲಿ ಭಾಷಣ ಮಾಡಿದ ಮೇಲೆ ಜಗತ್ತು ಕಿವಿಗೊಟ್ಟಿತು. ಆ ಭಾಷಣವನ್ನು ನೀವೂ ನೆನಪಿಸಿದ್ದೀರಿ. ಆದರೆ ಜೋನ್ಸ್ ಸಂಸ್ಕೃತವನ್ನು ಬಾಯ್ತುಂಬ ಹೊಗಳಿದರೂ ತಾಯಿ ಎನ್ನಲಿಲ್ಲ. ಮೂರು ಭಾಷೆಗಳೂ ಒಂದೇ ಮೂಲದಿಂದ ಬಂದಿರಬೇಕು, ಆ ಮೂಲ ಪ್ರಾಯಶಃ ಈಗ ಉಳಿದಿಲ್ಲ ಎಂದರು. ಹೊಗಳಿಕೆಯ ಭಾಗವನ್ನು ಎಲ್ಲರೂ ಎತ್ತಿ ಹೇಳುತ್ತಾರೆ, ಮುಂದಿನ ವಾಕ್ಯ ಬಿಟ್ಟುಬಿಡುತ್ತಾರೆ.

ಈಗ ನಿಮ್ಮ ಪಟ್ಟಿಯ ತೊಂದರೆಗೆ ಬರೋಣ. ನೀವು ಪದಗಳನ್ನು ಕಿವಿಯಿಂದ ಆರಿಸಿದ್ದೀರಿ. ಒಂದೇ ಥರ ಕೇಳಿಸಿದರೆ ನೆಂಟರು, ಇಲ್ಲದಿದ್ದರೆ ಇಲ್ಲ. ಈ ವಿಷಯದಲ್ಲಿ ಕಿವಿಯಷ್ಟು ಮೋಸ ಮಾಡುವುದು ಬೇರೆ ಇಲ್ಲ. ನಮ್ಮ ಎಂಟು, ಇಂಗ್ಲಿಷಿನ ಎಯ್ಟ್ ಎರಡನ್ನೂ ಒಟ್ಟಿಗೆ ಹೇಳಿ ನೋಡಿ. ಸಂಸ್ಕೃತದ ಅಷ್ಟ ಪದಕ್ಕಿಂತ ಎಂಟೇ ಹತ್ತಿರ ಅಲ್ವಾ? ಆದರೂ ಎಯ್ಟ್‌ನ ಸಂಬಂಧಿ ಅಷ್ಟ, ಎಂಟು ಅಲ್ಲ. ಇಂಗ್ಲಿಷ್ ಬರವಣಿಗೆಯಲ್ಲಿ ಆ ಪದದ ನಡುವೆ ಸುಮ್ಮನೆ ಕೂತಿರುವ ಎರಡು ಅಕ್ಷರ ಹಿಂದೆ ಉಚ್ಚಾರವಾಗುತ್ತಿದ್ದವು. ಜರ್ಮನ್ನಿನಲ್ಲಿ ಇವತ್ತಿಗೂ ಅದು ಆಖ್ಟ್. ಲ್ಯಾಟಿನ್ನಿನಲ್ಲಿ ಒಕ್ತೋ. ನಮ್ಮ ಎಂಟಿನ ನೆಂಟರು ತಮಿಳಿನ ಎಟ್ಟು, ತೆಲುಗಿನ ಎನಿಮಿದಿ.

ಹಾಗಾದರೆ ನೆಂಟಸ್ತನ ಗುರುತಿಸುವುದು ಹೇಗೆ? ಹೋಲಿಕೆಯಿಂದಲ್ಲ, ವ್ಯತ್ಯಾಸ ತಪ್ಪದೆ ಒಂದೇ ಥರ ಬರುವುದರಿಂದ. 1818ರಲ್ಲಿ ಡೆನ್ಮಾರ್ಕಿನ ರಾಸ್ಮುಸ್ ರಾಸ್ಕ್, 1822ರಲ್ಲಿ ಜರ್ಮನಿಯ ಯಾಕೋಬ್ ಗ್ರಿಮ್ ಇದನ್ನು ತೋರಿಸಿದರು. ಹೌದು, ಮಕ್ಕಳ ಕಥೆಗಳ ಗ್ರಿಮ್ ಸಹೋದರರಲ್ಲಿ ದೊಡ್ಡವರು. ಸಂಸ್ಕೃತ, ಗ್ರೀಕ್, ಲ್ಯಾಟಿನ್‌ಗಳಲ್ಲಿ ಪ ಇದ್ದ ಕಡೆ ಇಂಗ್ಲಿಷ್, ಜರ್ಮನ್ ಕಡೆಯ ಭಾಷೆಗಳಲ್ಲಿ ಫ ಬರುತ್ತದೆ. ಪಿತೃ–ಫಾದರ್, ಪಾದ–ಫುಟ್, ಪೂರ್ಣ–ಫುಲ್. ದ ಇದ್ದ ಕಡೆ ಟ. ದಂತ–ಟೂತ್, ದ್ವಿ–ಟೂ, ದಶ–ಟೆನ್. ಒಂದೆರಡು ಪದ ಹೊಂದಿದರೆ ಕಾಕತಾಳೀಯ ಎನ್ನಬಹುದು. ನೂರಾರು ಪದ ಒಂದೇ ನಿಯಮಕ್ಕೆ ತಲೆಬಾಗಿದರೆ ಹಾಗೆನ್ನಲು ಬರುವುದಿಲ್ಲ. ಒಮ್ಮೆ ನಿಯಮ ಕೈಗೆ ಬಂದರೆ ಕಿವಿ ಒಪ್ಪದ ನೆಂಟರೂ ಸಿಗುತ್ತಾರೆ. ಚಕ್ರ, ಗ್ರೀಕಿನ ಕೂಕ್ಲೋಸ್, ಇಂಗ್ಲಿಷಿನ ವೀಲ್ ಮೂರೂ ಒಂದೇ ಪದ ಎಂದರೆ ಯಾರಾದರೂ ನಂಬುತ್ತಾರಾ? ನಿಯಮ ಹಿಡಿದು ಹಿಂದೆ ಹೋದರೆ ಮೂರೂ ಒಂದೇ ಕಡೆ ಸೇರುತ್ತವೆ.

ಇದೇ ಅಳತೆಯನ್ನು ನಿಮ್ಮ ದ್ವಾರ–ಡೋರ್‌ಗೆ ಹಿಡಿಯಿರಿ. ಎರಡೂ ನೆಂಟರೇ. ಆದರೆ ಒಂದು ತೊಡಕು ಕಾಣುತ್ತದೆ. ಸಂಸ್ಕೃತದ ದ ಇಂಗ್ಲಿಷಿನಲ್ಲಿ ಟ ಆಗಬೇಕಲ್ಲ? ಡೋರ್ ಅಲ್ಲ, ಟೋರ್ ಆಗಬೇಕಿತ್ತು. ಗ್ರೀಕ್ ನೋಡಿದರೆ ಗುಟ್ಟು ಗೊತ್ತಾಗುತ್ತದೆ. ಅಲ್ಲಿ ಬಾಗಿಲು ಥೂರ. ಗ್ರೀಕಿನ ಥ ಬರುವುದು ಹಳೆಯ ಧ ಇದ್ದ ಕಡೆ, ನಮ್ಮ ಧೂಮ ಅಲ್ಲಿ ಥೂಮೋಸ್ ಆದ ಹಾಗೆ. ಹಳೆಯ ಧ ಇಂಗ್ಲಿಷಿನಲ್ಲಿ ಡ ಆಗುತ್ತದೆ. ಅಂದರೆ ಈ ಪದದ ಮೊದಲ ಅಕ್ಷರ ಮೂಲದಲ್ಲಿ ಧ. ಗ್ರೀಕೂ ಇಂಗ್ಲಿಷೂ ಅದನ್ನು ನಿಯಮದಂತೆ ಕಾಪಾಡಿಕೊಂಡಿವೆ. ಬದಲಾಯಿಸಿಕೊಂಡದ್ದು ಸಂಸ್ಕೃತ! ಎರಡು ಕದದ ಬಾಗಿಲಲ್ಲವೇ, ದ್ವಿ ಪದದ ಪ್ರಭಾವ ಇರಬೇಕು ಎಂದು ವಿದ್ವಾಂಸರ ಊಹೆ. ಸಂಸ್ಕೃತವೇ ತಾಯಿಯಾಗಿದ್ದರೆ ಅವಳೇ ಕಳೆದುಕೊಂಡದ್ದು ಮಕ್ಕಳ ಹತ್ತಿರ ಹೇಗೆ ಬಂತು?

ಇದಕ್ಕಿಂತ ದೊಡ್ಡ ಸಾಕ್ಷಿ ಸ್ವರಗಳಲ್ಲಿದೆ. ದಶ ಲ್ಯಾಟಿನ್ನಿನಲ್ಲಿ ದೆಕೆಂ, ಗ್ರೀಕಿನಲ್ಲಿ ದೆಕ. ಎರಡರಲ್ಲೂ ಮೊದಲ ಸ್ವರ ಎ. ಅಷ್ಟ ಎರಡರಲ್ಲೂ ಒಕ್ತೋ. ಮೊದಲ ಸ್ವರ ಒ. ನಡೆಸು, ಓಡಿಸು ಎಂಬ ಅರ್ಥದ ಅಜತಿ ಎರಡರಲ್ಲೂ ಅಗೋ. ಸ್ವರ ಅ. ಸಂಸ್ಕೃತದಲ್ಲಿ ಮಾತ್ರ ಮೂರು ಕಡೆಯೂ ಅ. ಸಂಸ್ಕೃತದ ಒಂದೇ ಅ ಒಡೆದು ಮೂರಾಯಿತು ಎನ್ನುವುದಾದರೆ, ಗ್ರೀಕರೂ ರೋಮನ್ನರೂ ಬೇರೆ ಬೇರೆ ಕೂತು, ಮಾತಾಡಿಕೊಳ್ಳದೆ, ಅದೇ ಪದದಲ್ಲಿ ಎ, ಅದೇ ಪದದಲ್ಲಿ ಒ ಎಂದು ಹಂಚಿಕೊಂಡಿರಬೇಕು. ಇದು ಆಗುವ ಮಾತಲ್ಲ. ಮೂರು ಧಾನ್ಯ ಒಟ್ಟಿಗೆ ಬೀಸಿದ ಹಿಟ್ಟನ್ನು ಮತ್ತೆ ಬೇರೆ ಮಾಡಲು ಬರುತ್ತದೆಯೇ? ಮೂಲದಲ್ಲಿ ಮೂರು ಸ್ವರ ಇದ್ದವು, ಸಂಸ್ಕೃತದಲ್ಲಿ ಬೆರೆತು ಒಂದಾದವು. ವ್ಯಂಜನಗಳಲ್ಲಿ, ವಿಭಕ್ತಿಗಳಲ್ಲಿ ಸಂಸ್ಕೃತ ಉಳಿಸಿಕೊಂಡಷ್ಟು ಬೇರೆಯವು ಉಳಿಸಿಕೊಳ್ಳಲಿಲ್ಲ, ಅದಕ್ಕೇ ನಾವು ಅಕ್ಕ ಎಂದದ್ದು. ತಾಯಿಯ ಶಾಸನ, ಓಲೆ ಒಂದೂ ಸಿಕ್ಕಿಲ್ಲ. ಮಕ್ಕಳನ್ನು ಹೋಲಿಸಿ ಅವಳ ಮಾತನ್ನು ಕಟ್ಟಿಕೊಳ್ಳಬೇಕು.

ದೇವ–ಥಿಯೋಸ್ ಬಗ್ಗೆ ನೀವು ಬಹಳ ಖಾತ್ರಿಯಿಂದ ಬರೆದಿದ್ದೀರಿ, ಕೆಂಪು ಶಾಯಿಯಲ್ಲಿ ಗೆರೆ ಬೇರೆ ಎಳೆದಿದ್ದೀರಿ. ಬೇಜಾರು ಮಾಡಿಕೊಳ್ಳಬೇಡಿ, ಇದು ಸಂಬಂಧವೇ ಇಲ್ಲದ ಜೋಡಿ. ಈಗಷ್ಟೇ ಹೇಳಿದೆನಲ್ಲ, ಗ್ರೀಕಿನ ಥ ಬಂದರೆ ನಮ್ಮಲ್ಲಿ ಧ ಇರಬೇಕು, ದ ಅಲ್ಲ. ದೇವ ಪದದ ನಿಜವಾದ ನೆಂಟ ಲ್ಯಾಟಿನ್ನಿನ ದೇಯುಸ್. ಗ್ರೀಕಿನಲ್ಲಿ ಈ ಮನೆತನದವರು ಬೇಕಾದರೆ ಥಿಯೋಸ್ ಬಿಟ್ಟು ಜ್ಯೂಸ್ ದೇವರ ಹತ್ತಿರ ಹೋಗಬೇಕು. ಅವನು ನಮ್ಮ ವೇದದ ಆಕಾಶದೇವತೆ ದ್ಯೌಃ.

ಇಂಗ್ಲಿಷಿನಲ್ಲಿ ದೇವ ಎಲ್ಲಿದ್ದಾನೆ ಗೊತ್ತಾ? ಮಂಗಳವಾರದಲ್ಲಿ. ಟ್ಯೂಸ್‌ಡೇ ಅಂದರೆ ಟಿವ್ ಎಂಬ ಹಳೆಯ ದೇವರ ದಿನ. ದ ಇದ್ದ ಕಡೆ ಟ ಎಂಬ ನಿಯಮ ಹಾಕಿ, ಟಿವ್ ಹಿಂದೆ ಇರುವುದು ದೇವ ಪದದ ಮೂಲವೇ. ದಿವಸ ಕೂಡ ಅದೇ ಬೇರಿನದು, ಹೊಳೆಯುವ ಆಕಾಶದ್ದು. ಆದರೆ ನೀವು ದಿವಸಕ್ಕೆ ಜೋಡಿ ಮಾಡಿದ ಡೇ ಈ ಬೇರಿನದಲ್ಲ. ಅಲ್ಲಿಗೆ ಟ್ಯೂಸ್‌ಡೇ ಪದದಲ್ಲಿ ದಿವಸದ ನೆಂಟ ಟ್ಯೂಸ್, ಡೇ ಹೊರಗಿನವನು. ನನಗಂತೂ ಇದನ್ನು ನೆನೆದಾಗಲೆಲ್ಲ ನಗು ಬರುತ್ತದೆ.

ಇಂಥ ಮೋಸ ನಮಗೊಬ್ಬರಿಗೇ ಆಗುವುದಲ್ಲ. ಯುರೋಪಿನ ಒಳಗೂ ಇದೆ. ಇಂಗ್ಲಿಷಿನ ಹ್ಯಾವ್, ಲ್ಯಾಟಿನ್ನಿನ ಹಬೇರೆ ಎರಡಕ್ಕೂ ಇರು, ಹೊಂದಿರು ಎಂದೇ ಅರ್ಥ. ರೂಪವೂ ಒಂದೇ ಥರ. ಆದರೂ ಬೇರೆ ಬೇರೆ. ಲ್ಯಾಟಿನ್ನಿನ ಕ ಇಂಗ್ಲಿಷಿನಲ್ಲಿ ಹ ಆಗಬೇಕು, ಅಲ್ಲಿನ ಕೆಂತುಂ ಇಲ್ಲಿ ಹಂಡ್ರೆಡ್ ಆದ ಹಾಗೆ. ಹ್ಯಾವ್ ಪದದ ಲ್ಯಾಟಿನ್ ಜೊತೆಗಾರ ಹಿಡಿ ಎಂಬ ಅರ್ಥದ ಕಪೆರೆ. ಕ್ಯಾಪ್ಚರ್ ಬಂದದ್ದು ಅಲ್ಲಿಂದ.

ಸರ್ಪಕ್ಕೆ ಮತ್ತೆ ಬರುತ್ತೇನೆ, ಅದರಲ್ಲಿ ನೀವು ಬಿಟ್ಟ ಸ್ವಾರಸ್ಯ ಒಂದಿದೆ. ಸೃಪ್ ಅಂದರೆ ಹರಿದಾಡು. ಪದದ ಮೊದಲಿಗೆ, ಸ್ವರಕ್ಕೆ ಮುಂಚೆ ಬರುವ ಸ ಗ್ರೀಕಿನಲ್ಲಿ ಹ ಆಗುತ್ತದೆ. ಸಪ್ತ ಅಲ್ಲಿ ಹೆಪ್ತ. ಹಾಗೇ ಹರಿದಾಡು ಎಂಬುದಕ್ಕೆ ಹೆರ್ಪೆಯ್ನ್. ಇದರಿಂದ ಬಂದದ್ದು ಡಾಕ್ಟರು ಚೀಟಿಯಲ್ಲಿ ಬರೆಯುವ ಹರ್ಪಿಸ್. ಅದರಲ್ಲಿ ಒಂದು ಬಗೆ ಹರ್ಪಿಸ್ ಜೋಸ್ಟರ್. ಜೋಸ್ಟರ್ ಅಂದರೆ ಗ್ರೀಕಿನಲ್ಲಿ ಸೊಂಟದ ಪಟ್ಟಿ. ನಮ್ಮ ಹಳ್ಳಿಗಳಲ್ಲಿ ಅದೇ ಕಾಯಿಲೆಗೆ ಏನನ್ನುತ್ತಾರೆ? ಸರ್ಪಸುತ್ತು. ಮೊದಲ ಅರ್ಧ ಒಂದೇ ಬೇರಿನ ಪದ. ಎರಡನೆಯ ಅರ್ಧಕ್ಕೆ ನೆಂಟಸ್ತನವಿಲ್ಲ, ಮೈಸುತ್ತ ಪಟ್ಟಿಯ ಹಾಗೆ ಏಳುವ ಗುಳ್ಳೆ ಕಂಡು ಎರಡೂ ಕಡೆಯವರು ಅವರವರೇ ಇಟ್ಟ ಹೆಸರು.

ನಿಮ್ಮ ಪಟ್ಟಿಯ ಕೊನೆಯ ಭಾಗದ ಬಗ್ಗೆ ಜಾಸ್ತಿ ಬರೆಯುವುದಿಲ್ಲ. ಕ್ರೈಸ್ಟ್ ಎಂಬುದು ಎಣ್ಣೆ ಹಚ್ಚಿ ಅಭಿಷೇಕ ಮಾಡಿಸಿಕೊಂಡವನು ಎಂಬ ಅರ್ಥದ ಗ್ರೀಕ್ ಪದ, ಹೀಬ್ರೂವಿನ ಮೆಸ್ಸಾಯನ ಅನುವಾದ. ಕೃಷ್ಣನಿಗೂ ಅದಕ್ಕೂ ಸಂಬಂಧವಿಲ್ಲ. ವ್ಯಾಟಿಕನ್ ಎಂಬುದು ಟೈಬರ್ ನದಿಯ ದಂಡೆಯ ಗುಡ್ಡದ ಹೆಸರು. ಚರ್ಚು ಬರುವುದಕ್ಕೆ ಬಹಳ ಮುಂಚೆ, ಕ್ರಿಸ್ತ ಹುಟ್ಟುವುದಕ್ಕೂ ಮುಂಚೆ, ರೋಮನ್ ಲೇಖಕರು ಅದನ್ನು ಹೆಸರಿಸಿದ್ದಾರೆ. ಅಲ್ಲಿ ಯಾವ ವೇದವಾಟಿಕೆಯೂ ಇರಲಿಲ್ಲ. ಸ್ಕ್ಯಾಂಡಿನೇವಿಯ ಸ್ಕಂದನಾಭಿ ಅಲ್ಲ. ಆ ಪದದ ಹಳೆಯ ರೂಪದಲ್ಲಿ ಮೊದಲ ಅನುಸ್ವಾರವೇ ಇರಲಿಲ್ಲ, ಅದು ಲ್ಯಾಟಿನ್ ಬರವಣಿಗೆಯಲ್ಲಿ ಸೇರಿಕೊಂಡದ್ದು. ಕೊನೆಯ ಭಾಗಕ್ಕೆ ದ್ವೀಪ ಎಂದರ್ಥ. ಇವು ಮೊಬೈಲಿನಲ್ಲಿ ಓಡಾಡುವ ಜೋಡಿಗಳು ಮೇಷ್ಟ್ರೇ, ನೀವು ಕಟ್ಟಿದ್ದಲ್ಲ ಎಂದು ನಾನು ಬಲ್ಲೆ.

ಶಿರಸಿಯವರಾಗಿ ಅಡಿಕೆಯನ್ನೇ ಮರೆತಿರಲ್ಲ ಎಂಬುದು ನನ್ನ ಆಕ್ಷೇಪ! ಯುರೋಪಿನ ಭಾಷೆಗಳು ನಮ್ಮಿಂದ ನಿಜವಾಗಿ ಪಡೆದ ಪದಗಳು ಬೇಕಾದರೆ ಹಡಗಿನ ಕಟ್ಟೆಗೆ ಹೋಗಬೇಕು. ಅಡಿಕೆಗೆ ಇಂಗ್ಲಿಷಿನಲ್ಲಿ ಅರೀಕ. ಮಲಯಾಳದ ಅಡಕ್ಕ ಪೋರ್ಚುಗೀಸರ ಬಾಯಲ್ಲಿ ಅರೆಕ ಆಗಿ ಹೋದದ್ದು ಅದು. ತೇಗಕ್ಕೆ ಟೀಕ್, ಮಾವಿಗೆ ಮ್ಯಾಂಗೋ, ಹಲಸಿಗೆ ಜ್ಯಾಕ್, ನಾರಿನ ಹಗ್ಗಕ್ಕೆ ಕಾಯರ್, ಎಲ್ಲ ಅದೇ ಕರಾವಳಿಯಿಂದ ಹಡಗು ಹತ್ತಿದವು. ಜಿಂಜರ್ ಇನ್ನೂ ಹಳೆಯ ಪ್ರಯಾಣಿಕ. ಗ್ರೀಕಿನಲ್ಲಿ ಜಿಂಗಿಬೆರಿಸ್, ಪಾಳಿ ಭಾಷೆಯಲ್ಲಿ ಸಿಂಗಿವೇರ. ಸಂಸ್ಕೃತದ ಶೃಂಗವೇರ ಎಂಬ ರೂಪಕ್ಕೆ ಕೊಂಬಿನ ಆಕಾರದ್ದು ಎಂದು ಅರ್ಥ ಹೇಳುತ್ತಾರೆ. ಆದರೆ ಅದು ಆಮೇಲೆ ಹೊಂದಿಸಿಕೊಂಡ ಅರ್ಥ. ಮೂಲ ದ್ರಾವಿಡ, ತಮಿಳು ಮಲಯಾಳದ ಇಂಜಿ ಮತ್ತು ವೇರ್ ಎಂಬುದು ಹೆಚ್ಚಿನವರು ಒಪ್ಪುವ ಮಾತು. ಆ ವೇರ್ ನಮ್ಮ ಬೇರು. ಲಂಡನ್ನಿನವರು ಶುಂಠಿ ಬಿಸ್ಕತ್ತು ಕೇಳುವಾಗ ಅದರ ಬಾಲದಲ್ಲಿ ದ್ರಾವಿಡ ಪದವೊಂದು ಸಿಕ್ಕಿಕೊಂಡಿರುತ್ತದೆ. ಆದರೆ ಇದು ಸಾಲ, ರಕ್ತಸಂಬಂಧವಲ್ಲ. ಎರಡನ್ನೂ ಬೆರೆಸಬಾರದು.

ಇನ್ನು ಮೊಮ್ಮಗಳ ಪ್ರಶ್ನೆ. ನಿಮ್ಮ ಪತ್ರದಲ್ಲಿ ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಅದೇ.

ಗ್ರಿಮ್ ನಿಯಮದ ಪ್ರಕಾರ ಪಿತೃ, ಭ್ರಾತೃ ಎರಡರ ತ ಕಾರವೂ ಒಂದೇ ಥರ ಬದಲಾಗಬೇಕಿತ್ತು. ಬ್ರದರ್ ನಿಯಮ ಪಾಲಿಸಿತು, ಫಾದರ್ ಪಾಲಿಸಲಿಲ್ಲ. ಇಂಗ್ಲಿಷಿನಲ್ಲಿ ಇವತ್ತು ಇದು ಕಾಣುವುದಿಲ್ಲ, ಯಾಕೆಂದರೆ ಹಳೆಯ ಫಾಡರ್ ಕಾಲಕ್ರಮದಲ್ಲಿ ಫಾದರ್ ಆಗಿ ಬ್ರದರ್ ಜೊತೆ ಪ್ರಾಸ ಕೂಡಿಕೊಂಡಿತು. ಜರ್ಮನ್ ಮಾತ್ರ ಹಳೆಯ ಭೇದವನ್ನು ಟ, ಡ ಎಂದು ಉಳಿಸಿಕೊಂಡಿದೆ. ಗ್ರಿಮ್ ಇದನ್ನು ಅಪವಾದ ಎಂದು ಬಿಟ್ಟರು. ಸುಮಾರು 50 ವರ್ಷ ಯಾರಿಗೂ ಬಗೆಹರಿಯಲಿಲ್ಲ. 1870ರ ದಶಕದಲ್ಲಿ ಡೆನ್ಮಾರ್ಕಿನ ಕಾರ್ಲ್ ವರ್ನರ್ ಕಾರಣ ಹಿಡಿದರು. ಮಧ್ಯಾಹ್ನ ನಿದ್ದೆ ಬರಲಿ ಎಂದು ವ್ಯಾಕರಣದ ಪುಸ್ತಕ ಕೈಗೆತ್ತಿಕೊಂಡಾಗ ಪಿತೃ, ಭ್ರಾತೃ ಎರಡೂ ಕಣ್ಣಿಗೆ ಬಿದ್ದವು ಎಂಬ ಕಥೆ ಇದೆ. ನಿದ್ದೆ ಬಂದಿರಲಾರದು.

ಉತ್ತರ ಇದ್ದದ್ದು ವೇದದ ಸ್ವರದಲ್ಲಿ, ಅಂದರೆ ವೇದ ಹೇಳುವಾಗಿನ ದನಿಯ ಏರಿಳಿತದಲ್ಲಿ. ಉದಾತ್ತ, ಅಂದರೆ ದನಿ ಎತ್ತಿ ಹೇಳುವ ಸ್ವರ, ತ ಕಾರಕ್ಕೆ ಮುಂಚಿನ ಅಕ್ಷರದ ಮೇಲೆ ಬಂದಿದ್ದರೆ ಜರ್ಮನ್ನಿನಲ್ಲಿ ಡ. ತ ಕಾರದ ನಂತರ ಬಂದಿದ್ದರೆ ಟ. ಭ್ರಾತಾ ಎಂಬಲ್ಲಿ ಉದಾತ್ತ ಮೊದಲ ಅಕ್ಷರದ ಮೇಲೆ, ಆದ್ದರಿಂದ ಬ್ರೂಡರ್. ಪಿತಾ ಎಂಬಲ್ಲಿ ಕೊನೆಯ ಅಕ್ಷರದ ಮೇಲೆ, ಆದ್ದರಿಂದ ಫಾಟರ್. ಋಗ್ವೇದದ ಅಚ್ಚು ಪ್ರತಿ ನಿಮ್ಮ ಕಪಾಟಿನಲ್ಲಿ ಇದ್ದೇ ಇರುತ್ತದೆ. ಪಿತಾ ಎಂಬಲ್ಲಿ ಪಿ ಕೆಳಗೆ ಅನುದಾತ್ತದ, ಅಂದರೆ ತಗ್ಗಿಸಿ ಹೇಳುವ ಸ್ವರದ, ಅಡ್ಡಗೆರೆ ಇರುತ್ತದೆ, ನೋಡಿ. ಜರ್ಮನ್ನರು ತಮ್ಮ ಹಳೆಯ ಸ್ವರಭಾರ ಎಂದೋ ಕಳೆದುಕೊಂಡು ಎಲ್ಲ ಪದಕ್ಕೂ ಮೊದಲ ಅಕ್ಷರವನ್ನೇ ಒತ್ತತೊಡಗಿದರು. ಅದರ ಗುರುತು ಒಂದು ವ್ಯಂಜನದಲ್ಲಿ ಉಳಿಯಿತು. ನಮ್ಮವರು ಸ್ವರವನ್ನೇ ಬಾಯಿಪಾಠದಲ್ಲಿ ಉಳಿಸಿಕೊಂಡರು. ಸಂಸ್ಕೃತದ ಹೆಚ್ಚುಗಾರಿಕೆ ಹೇಳಬೇಕೆಂದಿದ್ದರೆ ಇದನ್ನು ಹೇಳಿ, ನಾನೂ ಜೊತೆಗೆ ಹೇಳುತ್ತೇನೆ.

ಮೊಮ್ಮಗಳಿಗೆ ಒಂದು ಲೆಕ್ಕ ಕೊಡಿ. ಮಾತಾ ಪದದಲ್ಲೂ ಅಡ್ಡಗೆರೆ ಮೊದಲ ಅಕ್ಷರದ ಕೆಳಗೇ ಇದೆ, ಪಿತಾ ಹಾಗೆ. ಹಾಗಾದರೆ ಜರ್ಮನ್ನಿನಲ್ಲಿ ಅಮ್ಮನಿಗೆ ಮುಡರ್ ಎನ್ನಬೇಕೋ ಮುಟರ್ ಎನ್ನಬೇಕೋ? ಅವಳು ಪುಸ್ತಕ ತೆರೆಯುವ ಮೊದಲು ನೀವು ಹೇಳಿಬಿಡಬಹುದು.

— ಸಂಪಾದಕ