ಸಂಪಾದಕರ ಉತ್ತರ: 2032ರ ಕಲ್ಲು ಮತ್ತು ನಿಮ್ಮ ಮೊಮ್ಮಗನ ನಿದ್ದೆ

ಅಕ್ಕಾ, ನಮಸ್ಕಾರ.

ನಿಮ್ಮ ಪತ್ರ ಬಂದು ಎರಡು ವಾರ ಆಯ್ತು. ತಡವಾಗಿದ್ದಕ್ಕೆ ಕ್ಷಮಿಸಿ. ಎರಡು ಸಾಲು ಗೀಚಿ ಮುಗಿಸುವ ಪತ್ರ ಅದಾಗಿರಲಿಲ್ಲ.

ಉಳಿದ ಓದುಗರಿಗಾಗಿ ವಿಷಯ ಹೇಳಿಬಿಡುತ್ತೇನೆ. ಈ ಅಕ್ಕ ಇರುವುದು ಡೊಂಬಿವಲಿಯಲ್ಲಿ. ಹನ್ನೆರಡು ವರ್ಷದ ಮೊಮ್ಮಗ ವಾಟ್ಸಾಪ್‌ನಲ್ಲಿ ಯಾರೋ ಕಳಿಸಿದ ವಿಡಿಯೊ ನೋಡಿದ್ದಾನೆ. 2032ರ ಡಿಸೆಂಬರ್ 22ಕ್ಕೆ ಅರಬ್ಬಿ ಸಮುದ್ರಕ್ಕೆ ಕ್ಷುದ್ರಗ್ರಹ, ಅಂದರೆ ಸೂರ್ಯನನ್ನು ಸುತ್ತುವ ದೊಡ್ಡ ಕಲ್ಲು, ಬೀಳುತ್ತದೆ, ಮುಂಬಯಿ ಮುಳುಗುತ್ತದೆ ಅಂತ ಅದರಲ್ಲಿದೆಯಂತೆ. ಅವತ್ತಿನಿಂದ ಹುಡುಗ ಅಜ್ಜಿಯ ಸೆರಗು ಹಿಡಿದೇ ಮಲಗುತ್ತಾನೆ. "ಆಗ ನನಗೆ ಹದಿನೆಂಟು ಅಲ್ವಾ ಅಜ್ಜಿ?" ಅಂತ ಕೇಳುತ್ತಾನೆ. ಅಜ್ಜ ಮಾತ್ರ, "ಬೀಳುವುದಿದ್ದರೆ ಬೀಳುತ್ತದೆ, ನಾವು ಮಾಡುವುದೇನಿದೆ" ಎಂದು ಪೇಪರ್ ಮಡಚಿ ಎದ್ದು ಹೋಗುತ್ತಾರೆ. ಇದು ನಿಜವೇ, ನಿಜವಲ್ಲದಿದ್ದರೆ ನಿಮ್ಮ ಪತ್ರಿಕೆಯಲ್ಲೂ ಹೀಗೇ ಯಾಕೆ ಬಂದಿತ್ತು ಎನ್ನುವುದು ಅಕ್ಕನ ಪ್ರಶ್ನೆ.

ಎರಡನೆಯ ಪ್ರಶ್ನೆಗೆ ಮೊದಲು ಉತ್ತರ ಕೊಡುತ್ತೇನೆ. ತಪ್ಪು ನಮ್ಮದು. 2025ರ ಮಾರ್ಚ್ ಸಂಚಿಕೆಯ ಕೊನೆಯ ಪುಟದಲ್ಲಿ, '2024 ವೈಆರ್4' ಎಂಬ ಕಲ್ಲು ಭೂಮಿಗೆ ಬಡಿಯುವ ಸಾಧ್ಯತೆ 3.1 ಶೇಕಡಾ, ಅದು ಬೀಳಬಹುದಾದ ದಾರಿಯಲ್ಲಿ ಮುಂಬಯಿಯೂ ಇದೆ ಎಂದು ಹಾಕಿದ್ದೆವು. ಬರೆದ ದಿನ ಅದು ಸುಳ್ಳಾಗಿರಲಿಲ್ಲ. ಫೆಬ್ರವರಿ 18ರಂದು ನಾಸಾ ಹೇಳಿದ್ದೇ ಆ ಅಂಕಿ. ಆದರೆ ಸಂಚಿಕೆ ಅಚ್ಚಾಗಿ ನಿಮ್ಮ ಕೈಗೆ ಸೇರುವ ಮೊದಲೇ ಆ ಅಂಕಿ ಸೊನ್ನೆಯ ಹತ್ತಿರ ಇಳಿದಿತ್ತು. 2032ರಲ್ಲಿ ಅದು ಭೂಮಿಗೆ ಬಡಿಯುವುದಿಲ್ಲ ಎಂದು ತೀರ್ಮಾನವೂ ಆಯ್ತು. ನಾವು ಅದನ್ನು ಹಾಕಲಿಲ್ಲ. ಹೆದರಿಸುವ ಅರ್ಧಕ್ಕೆ ಜಾಗ ಕೊಟ್ಟು, ಸಮಾಧಾನದ ಅರ್ಧವನ್ನು ಬಿಟ್ಟೆವು. ಇದರ ಬಗ್ಗೆ ನನಗೆ ನಿಜವಾಗಿಯೂ ಬೇಸರ ಇದೆ.

ಆದರೆ ಅಂಕಿ ಮೊದಲು ಏರಿ ಆಮೇಲೆ ದಿಢೀರ್ ಅಂತ ಇಳಿದಿದ್ದು ಯಾಕೆ? ಹುಡುಗನಿಗೆ ಇದು ಅರ್ಥವಾದರೆ ಅರ್ಧ ಹೆದರಿಕೆ ಹೋಗುತ್ತದೆ. ಅವನನ್ನು ಡೊಂಬಿವಲಿ ಸ್ಟೇಷನ್ನಿಗೇ ಕರೆದುಕೊಂಡು ಹೋಗಿ ಹೇಳಿ. ಹನ್ನೆರಡು ಡಬ್ಬದ ಲೋಕಲ್ ಬರುತ್ತಿದೆ, ಅದರಲ್ಲಿ ಅವನ ಅಪ್ಪ ಇದ್ದಾನೆ, ಯಾವ ಡಬ್ಬ ಗೊತ್ತಿಲ್ಲ. ನೀವು ಪ್ಲಾಟ್‌ಫಾರ್ಮಿನ ತುದಿಯಲ್ಲಿ, ಕೊನೇ ಡಬ್ಬ ನಿಲ್ಲುವ ಜಾಗದಲ್ಲಿ ನಿಂತಿದ್ದೀರಿ. ಅಪ್ಪ ನಿಮ್ಮ ಮುಂದೆಯೇ ಇಳಿಯುವ ಸಾಧ್ಯತೆ ಹನ್ನೆರಡರಲ್ಲಿ ಒಂದು. ಫೋನ್ ಬಂತು: "ಹಿಂದಿನ ಆರು ಡಬ್ಬದಲ್ಲಿ ಎಲ್ಲೋ ಇದ್ದೇನೆ." ಈಗ ಆರರಲ್ಲಿ ಒಂದು. ಮತ್ತೆ ಫೋನ್: "ಕೊನೇ ಮೂರರಲ್ಲಿ." ಮೂರರಲ್ಲಿ ಒಂದು! ಗಾಡಿ ಬಂದು ನಿಂತಾಗ ನೋಡಿದರೆ ಅವನು ಕೊನೆಯಿಂದ ಎರಡನೇ ಡಬ್ಬದಲ್ಲಿದ್ದಾನೆ. ಸಾಧ್ಯತೆ ಸೊನ್ನೆ. ಅಪ್ಪ ಮೊದಲಿಂದಲೂ ಕೂತಿದ್ದು ಅದೇ ಸೀಟಿನಲ್ಲಿ. ಬದಲಾಗಿದ್ದು ನಮಗೆ ಗೊತ್ತಿದ್ದದ್ದು ಮಾತ್ರ. 2024ರ ಡಿಸೆಂಬರ್ 27ಕ್ಕೆ ಚಿಲಿಯ ದೂರದರ್ಶಕವೊಂದು ಆ ಕಲ್ಲನ್ನು ಮೊದಲು ಕಂಡಾಗ ಅದರ ದಾರಿ ಮಸುಕಾಗಿತ್ತು. ದಿನದಿನವೂ ನೋಡುತ್ತಾ ಹೋದಂತೆ ದಾರಿ ಕಿರಿದಾಯಿತು. ಕಿರಿದಾದ ದಾರಿಯಲ್ಲಿ ಭೂಮಿ ಇನ್ನೂ ಇದ್ದಷ್ಟು ದಿನ ಶೇಕಡಾ ಏರಿತು. ಭೂಮಿ ಆಚೆಗೆ ಬಿದ್ದ ದಿನ ಇಳಿಯಿತು. 2004ರಲ್ಲಿ ಅಪೋಫಿಸ್ ಎಂಬ ಕಲ್ಲಿನ ವಿಷಯದಲ್ಲೂ ಹೀಗೇ ಆಗಿ, 2.7 ಶೇಕಡಾವರೆಗೆ ಏರಿ, ಇಳಿದಿತ್ತು. ಮುಂದೆಯೂ ಹೀಗೆ ಆಗುತ್ತದೆ. ಇನ್ನೊಂದು ಕಲ್ಲು ಸುದ್ದಿಗೆ ಬಂದೇ ಬರುತ್ತದೆ, ಅದರ ಅಂಕಿ ಏರಿಯೇ ಏರುತ್ತದೆ. ಆಗ ಈ ಲೋಕಲ್ ಗಾಡಿ ನೆನಪಿಸಿಕೊಳ್ಳಿ.

ಹಾಗಂತ ಭಾವನವರು ಹೇಳಿದ ಹಾಗೆ ಕೈಕಟ್ಟಿ ಕೂರುವ ವಿಷಯವೂ ಇದಲ್ಲ. ವೈಆರ್4 ಅಂದಾಜು 60 ಮೀಟರ್ ಅಗಲ. ಇಪ್ಪತ್ತು ಮಹಡಿ ಕಟ್ಟಡದಷ್ಟು ಅಂದುಕೊಳ್ಳಿ. ಇಂಥವು ಹೆಚ್ಚಾಗಿ ನೆಲ ಮುಟ್ಟುವ ಮೊದಲೇ ಗಾಳಿಯಲ್ಲಿ ಒಡೆಯುತ್ತವೆ, ಆದ್ದರಿಂದ ಮುಂಬಯಿಯನ್ನು ಮುಳುಗಿಸುವ ಅಲೆಯ ಕತೆ ಹುಡುಗನ ತಲೆಯಿಂದ ತೆಗೆದುಬಿಡಿ. ಆದರೆ ಊರಿನ ಮೇಲೆ ಒಡೆದರೆ ಊರಿಗೆ ಊರೇ ಹಾಳಾಗುತ್ತದೆ. 1908ರ ಜೂನ್ 30ರಂದು ಸೈಬೀರಿಯದ ತುಂಗುಸ್ಕಾದಲ್ಲಿ ಹೀಗೆ ಒಡೆದದ್ದರಿಂದ 2,000 ಚದರ ಕಿಲೊಮೀಟರಿಗಿಂತ ಜಾಸ್ತಿ ಕಾಡು ನೆಲಕ್ಕೆ ಮಲಗಿತು. ನಮ್ಮ ಬೃಹನ್ಮುಂಬಯಿಯ ವಿಸ್ತಾರ 600 ಚದರ ಕಿಲೊಮೀಟರಿನ ಆಸುಪಾಸು. ಅಲ್ಲಿ ಜನ ಕಡಿಮೆ ಇದ್ದರು, ಅದೊಂದೇ ಅದೃಷ್ಟ.

ನಾನು ಇದರಲ್ಲಿ ಎಲ್ಲರಿಗೂ ಹೇಳುವುದು ಚೆಲ್ಯಾಬಿನ್ಸ್ಕ್ ಕತೆ. ರಷ್ಯಾದ ಊರು. 2013ರ ಫೆಬ್ರವರಿ 15, ಬೆಳಿಗ್ಗೆ ಒಂಬತ್ತೂ ಕಾಲು ದಾಟಿತ್ತು. ಸುಮಾರು 20 ಮೀಟರಿನ ಕಲ್ಲೊಂದು ಸೆಕೆಂಡಿಗೆ 19 ಕಿಲೊಮೀಟರ್ ವೇಗದಲ್ಲಿ ಬಂದು, 30 ಕಿಲೊಮೀಟರ್ ಎತ್ತರದಲ್ಲೇ ಒಡೆಯಿತು. ಯಾರಿಗೂ ಮೊದಲು ಗೊತ್ತಿರಲಿಲ್ಲ, ಯಾಕಂದರೆ ಅದು ಸೂರ್ಯನ ದಿಕ್ಕಿನಿಂದ ಬಂದಿತ್ತು, ಬೆಳಕಿಗೆ ಎದುರಾಗಿ ದೂರದರ್ಶಕಗಳು ನೋಡಲಾರವು. ಹಿರೋಷಿಮಾ ಬಾಂಬಿನ ಸುಮಾರು 30 ಪಟ್ಟು ಶಕ್ತಿ. ಸೂರ್ಯನನ್ನೂ ಮೀರಿಸುವ ಬೆಳಕು, ಸದ್ದು ಮಾತ್ರ ಇಲ್ಲ. ಏನದು ಅಂತ ಜನ ಕಿಟಕಿಗೆ ಓಡಿದರು, ಗಾಜಿಗೆ ಮುಖ ಒತ್ತಿ ಆಕಾಶದಲ್ಲಿ ಉಳಿದ ಬಿಳಿ ಗೆರೆ ನೋಡುತ್ತಾ ನಿಂತರು, ಒಂದು ನಿಮಿಷ ಆಯ್ತು, ಎರಡು ನಿಮಿಷ ಆಯ್ತು, ಇನ್ನೇನು ಮುಗಿಯಿತು ಅನ್ನುವಾಗ ಗಾಳಿಯ ಹೊಡೆತ ಬಂದು ಊರಿನ ಗಾಜೆಲ್ಲ ಒಳಕ್ಕೆ ಸಿಡಿಯಿತು. ಸುಮಾರು 1,500 ಜನ ಚಿಕಿತ್ಸೆಗೆ ಹೋದರು. ಯಾರೂ ಸಾಯಲಿಲ್ಲ. ಗಾಯವಾದವರಲ್ಲಿ ಹೆಚ್ಚಿನವರಿಗೆ ತಾಗಿದ್ದು ಕಿಟಕಿಯ ಗಾಜು.

ಅದೇ ಊರಿನ ಒಂದು ಶಾಲೆಯಲ್ಲಿ ಟೀಚರೊಬ್ಬರು ಬೆಳಕು ಕಂಡ ಕೂಡಲೇ ಮಕ್ಕಳನ್ನೆಲ್ಲ ಡೆಸ್ಕಿನ ಕೆಳಗೆ ಕೂರಿಸಿದರು. ಅವರ ತರಗತಿಯ ಒಂದು ಮಗುವಿಗೂ ಪೆಟ್ಟಾಗಲಿಲ್ಲ. ತಾವು ನಿಂತೇ ಇದ್ದರು, ಅವರ ಕೈಗೆ ಗಾಜು ಹೊಕ್ಕಿತು.

ಆಕಾಶದಲ್ಲಿ ಹಿಂದೆಂದೂ ಕಾಣದಂಥ ಬೆಳಕು ಕಂಡರೆ ಕಿಟಕಿಯಿಂದ ದೂರ ಹೋಗಿ, ನೆಲಕ್ಕೆ ಕೂತುಕೊಳ್ಳಿ. ಮುಂಬಯಿ, ಠಾಣೆ, ಡೊಂಬಿವಲಿಯಲ್ಲಿ ಈಗ ಬಾಲ್ಕನಿಗಳಿಗೆಲ್ಲ ಸ್ಲೈಡಿಂಗ್ ಗಾಜು ಹಾಕಿ ಕೋಣೆ ಮಾಡಿಕೊಂಡಿದ್ದೇವೆ, ಅಲ್ವಾ? ಅದಕ್ಕೇ ಇಷ್ಟು ಒತ್ತಿ ಹೇಳುತ್ತಿದ್ದೇನೆ. ಹುಡುಗನಿಗೆ ಹೆದರಿಕೆಯ ಬದಲು ಈ ಒಂದು ವಿದ್ಯೆ ಕೊಡಿ.

ಕಲ್ಲು ನಿಜವಾಗಿ ಬಿದ್ದರೆ ಹೇಗಿರುತ್ತದೆ ಅಂತ ನೋಡಬೇಕಾದರೆ ಅಮೆರಿಕಕ್ಕೆ ಹೋಗಬೇಕಿಲ್ಲ. ಔರಂಗಾಬಾದ್ (ಈಗಿನ ಛತ್ರಪತಿ ಸಂಭಾಜಿನಗರ) ದಾಟಿದರೆ ಬುಲ್ಢಾಣಾ ಜಿಲ್ಲೆಯ ಲೋಣಾರ್ ಇದೆ. ಕೆಲವು ವರ್ಷಗಳ ಹಿಂದೆ ನಾನು ಎಸ್‌ಟಿ ಬಸ್ಸಿನಲ್ಲಿ ಹೋಗಿದ್ದೆ. ದಾರಿಯುದ್ದಕ್ಕೂ ಚಪ್ಪಟೆ ಹೊಲ, ಹತ್ತಿ ಗಿಡ. ಊರು ಮುಗಿಯುತ್ತಿದ್ದಂತೆ ನೆಲ ಕಾಲಡಿಯಲ್ಲೇ ಇಲ್ಲವಾಗುತ್ತದೆ. 1.8 ಕಿಲೊಮೀಟರ್ ಅಗಲದ ದುಂಡನೆಯ ಬಟ್ಟಲು, ತಳದಲ್ಲಿ ಹಸಿರು ನೀರು. ಇಳಿಯುತ್ತಾ ಹೋದಂತೆ ಕೊಳೆತ ಮೊಟ್ಟೆಯ ವಾಸನೆ ಬಂತು. ನೀರಿಗೆ ಬೆರಳು ಅದ್ದಿ ಉಜ್ಜಿದರೆ ಸೋಪು ಮುಟ್ಟಿದ ಹಾಗೆ ಜಾರುತ್ತದೆ, ಅಷ್ಟು ಕ್ಷಾರ. ದಡದಲ್ಲಿ ಹಾಳುಬಿದ್ದ ಗುಡಿಗಳು. ವಿಷ್ಣು ಲವಣಾಸುರನನ್ನು ಇಲ್ಲೇ ಕೊಂದ ಎಂದು ಅಲ್ಲಿಯ ಜನ ಹೇಳುತ್ತಾರೆ. ಸುತ್ತಲೂ ಲಾವಾ ಆರಿ ಆದ ಕಪ್ಪು ಕಲ್ಲೇ ಇರುವುದರಿಂದ ಇದು ಜ್ವಾಲಾಮುಖಿಯ ಬಾಯಿ ಎಂದೇ ಬಹಳ ಕಾಲ ನಂಬಿದ್ದರು. ಹೊಡೆತಕ್ಕೆ ಗಾಜಾದ ಖನಿಜ ಸಿಕ್ಕ ಮೇಲೆ, ಬಾನಿನಿಂದ ಬಿದ್ದದ್ದೇ ಸರಿ ಅಂತ ಆಯ್ತು. ವಯಸ್ಸು ಸುಮಾರು 50 ಸಾವಿರ ವರ್ಷ ಎನ್ನುತ್ತಿದ್ದರು, ಈಚಿನ ಲೆಕ್ಕ 5.7 ಲಕ್ಷ ವರ್ಷ. ರಜೆಯಲ್ಲಿ ಹುಡುಗನನ್ನು ಕರೆದುಕೊಂಡು ಹೋಗಿ. ಅಂಚಿನಲ್ಲಿ ನಿಂತರೆ ಹೆದರಿಕೆಗಿಂತ ಬೇರೆಯದೇ ಏನೋ ಆಗುತ್ತದೆ.

ಇನ್ನು ಡೈನೋಸಾರುಗಳನ್ನು ಮುಗಿಸಿದ ಕಲ್ಲು, 6.6 ಕೋಟಿ ವರ್ಷದ ಹಿಂದೆ ಮೆಕ್ಸಿಕೊದಲ್ಲಿ ಬಿದ್ದದ್ದು, ಸುಮಾರು 10 ಕಿಲೊಮೀಟರ್. ಅಷ್ಟು ದೊಡ್ಡದು ಸದ್ಯಕ್ಕೆ ನಮ್ಮ ದಾರಿಯಲ್ಲಿ ಇಲ್ಲ. ಒಂದು ಕಿಲೊಮೀಟರಿಗಿಂತ ದೊಡ್ಡ, ಭೂಮಿಯ ಹತ್ತಿರ ಸುಳಿಯುವ ಕ್ಷುದ್ರಗ್ರಹಗಳಲ್ಲಿ ನೂರಕ್ಕೆ 95ರಷ್ಟನ್ನು ಆಗಲೇ ಹುಡುಕಿ ಲೆಕ್ಕಕ್ಕೆ ಹಿಡಿದಿದ್ದಾರೆ. ವಿಡಿಯೊದಲ್ಲಿ 'ಬಾಂಬೆ ಹೈ ಹತ್ತಿರದ ಶಿವ ಕುಳಿ' ಅಂತಲೂ ಇದೆ ಎಂದು ಬರೆದಿದ್ದೀರಿ. ಮುಂಬಯಿಯಾಚೆ ಸಮುದ್ರದ ತಳದಲ್ಲಿ ಹೀಗೆ ಕಲ್ಲು ಬಿದ್ದು ಆದ ದೊಡ್ಡ ಕುಳಿ ಇದೆ ಎನ್ನುವುದು ಶಂಕರ್ ಚಟರ್ಜಿ ಎಂಬ ವಿಜ್ಞಾನಿ ಮುಂದಿಟ್ಟ ಊಹೆ, ಭೂವಿಜ್ಞಾನಿಗಳಲ್ಲಿ ಹೆಚ್ಚಿನವರು ಒಪ್ಪಿಲ್ಲ. ನನಗೆ ಕಾಳಜಿ ಇರುವುದು ನಡುವಿನ ಗಾತ್ರದವುಗಳ ಬಗ್ಗೆ. 140 ಮೀಟರಿಗಿಂತ ದೊಡ್ಡವು ಸುಮಾರು 25,000 ಇರಬಹುದು ಅಂತ ಅಂದಾಜು. ಅವುಗಳಲ್ಲಿ ಅರ್ಧ ಕೂಡ ಇನ್ನೂ ಸಿಕ್ಕಿಲ್ಲ. ಕೆಲಸ ಬಾಕಿ ಇರುವುದು ಇಲ್ಲಿ.

ಧೂಮಕೇತು, ನಮ್ಮ ಹಳ್ಳಿಯವರ ಬಾಲಚುಕ್ಕಿ, ಇನ್ನೂ ಕಷ್ಟದ್ದು. ತುಂಬ ದೂರದಿಂದ, ತುಂಬ ವೇಗವಾಗಿ ಬರುತ್ತದೆ, ಕಾಣಿಸಿಕೊಳ್ಳುವುದು ತಡವಾಗಿ. 2013ರ ಜನವರಿಯಲ್ಲಿ ಸೈಡಿಂಗ್ ಸ್ಪ್ರಿಂಗ್ ಧೂಮಕೇತು ಕಂಡಿತು. 2014ರ ಅಕ್ಟೋಬರ್ 19ಕ್ಕೆ ಅದು ಮಂಗಳನಿಂದ ಬರೀ 1.4 ಲಕ್ಷ ಕಿಲೊಮೀಟರ್ ದೂರದಲ್ಲಿ ಹಾದುಹೋಯಿತು. ನಮ್ಮ ಮಂಗಳಯಾನ ಅಲ್ಲಿಗೆ ತಲುಪಿ ಇನ್ನೂ ಒಂದು ತಿಂಗಳೂ ಆಗಿರಲಿಲ್ಲ. ಧೂಮಕೇತುವಿನ ದೂಳು ಬಡಿಯಬಾರದೆಂದು ಇಸ್ರೋದವರು ನೌಕೆ ಆ ಹೊತ್ತಿಗೆ ಮಂಗಳನ ಮರೆಯಲ್ಲಿರುವಂತೆ ನೋಡಿಕೊಂಡರು. ಕಂಡದ್ದಕ್ಕೂ ಹಾದುಹೋದದ್ದಕ್ಕೂ ನಡುವೆ ಎರಡು ವರ್ಷವೂ ಇರಲಿಲ್ಲ. ಅದು ಭೂಮಿಯ ಕಡೆಗೇ ಬರುತ್ತಿದ್ದರೆ ಆ ಸಮಯ ಸಾಲುತ್ತಿರಲಿಲ್ಲ ಅಂತ ನನ್ನ ಅನಿಸಿಕೆ.

ಭಾವನವರಿಗೆ ಈಗ. "ನಾವು ಮಾಡುವುದೇನಿದೆ" ಅಂತಾರಲ್ಲ, 2022ರ ಸೆಪ್ಟೆಂಬರ್ 26ರಂದು ಮನುಷ್ಯರು ಮಾಡಿ ತೋರಿಸಿದ್ದಾರೆ. ನಾಸಾದ ಡಾರ್ಟ್ ನೌಕೆ, ತೂಕ 570 ಕಿಲೊ ಆಸುಪಾಸು, ಭೂಮಿಯಿಂದ ಒಂದು ಕೋಟಿ ಕಿಲೊಮೀಟರಿಗೂ ದೂರದಲ್ಲಿ ಡೈಮಾರ್ಫಸ್ ಎಂಬ 160 ಮೀಟರಿನ ಕಲ್ಲಿಗೆ ಬೇಕೆಂತಲೇ ಹೋಗಿ ಗುದ್ದಿತು. ಆ ಕಲ್ಲು ತನ್ನ ದೊಡ್ಡಣ್ಣನಂಥ ಇನ್ನೊಂದು ಕಲ್ಲನ್ನು ಸುತ್ತಲು 11 ಗಂಟೆ 55 ನಿಮಿಷ ತೆಗೆದುಕೊಳ್ಳುತ್ತಿತ್ತು. ಗುದ್ದಿದ ಮೇಲೆ 32 ನಿಮಿಷ ಕಡಿಮೆಯಾಯಿತು. ಕನಿಷ್ಠ 73 ಸೆಕೆಂಡ್ ಬದಲಾದರೂ ಸಾಕು ಅಂದುಕೊಂಡಿದ್ದರು.

ಇಷ್ಟೇ ತಳ್ಳಿದರೆ ಸಾಕಾ ಅಂತ ಅವರು ಕೇಳಬಹುದು. ಭೂಮಿ ತನ್ನ ಅಗಲದಷ್ಟು ದೂರ ಸಾಗಲು ತೆಗೆದುಕೊಳ್ಳುವುದು ಸುಮಾರು ಏಳು ನಿಮಿಷ. ಬಡಿಯಬೇಕಾದ ಕಲ್ಲು ಏಳೆಂಟು ನಿಮಿಷ ತಡವಾಗಿ ಬಂದರೆ ಭೂಮಿ ಆ ಜಾಗ ಬಿಟ್ಟಿರುತ್ತದೆ. ಹತ್ತಿಪ್ಪತ್ತು ವರ್ಷ ಮೊದಲೇ ಸ್ವಲ್ಪ ನೂಕಿದರೆ ಅಷ್ಟು ತಡ ಮಾಡಿಸಬಹುದು. ಮುಂಬಯಿಯವರಿಗೆ ಏಳು ನಿಮಿಷದ ಬೆಲೆ ಬೇರೆ ಹೇಳಬೇಕಿಲ್ಲ. ಆದರೆ ಮೊದಲು ಕಲ್ಲು ಕಾಣಬೇಕು. ಅದಕ್ಕೇ ದೂರದರ್ಶಕಗಳಿಗೆ ಹಾಕುವ ದುಡ್ಡು ಸುಮ್ನೆ ಹೋಗುವುದಿಲ್ಲ ಎಂದು ನಾನು ಹೋದಲ್ಲೆಲ್ಲ ಹೇಳುತ್ತೇನೆ. ಲಡಾಖಿನ ಹಾನ್ಲೆಯಲ್ಲಿ 70 ಸೆಂಟಿಮೀಟರಿನ ಗ್ರೋತ್-ಇಂಡಿಯಾ ದೂರದರ್ಶಕ ಇದೆ. ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಯೂ ನಮ್ಮ ಪೊವಾಯಿಯ ಐಐಟಿಯೂ ಸೇರಿ ನಡೆಸುತ್ತವೆ. ಭೂಮಿಯ ಹತ್ತಿರ ಬರುವ ಕ್ಷುದ್ರಗ್ರಹಗಳನ್ನು ಅದೂ ನೋಡುತ್ತದೆ. ನಿಮ್ಮ ಮನೆಯಿಂದ ಎರಡು ತಾಸಿನ ದಾರಿಯಲ್ಲಿ ಈ ಕೆಲಸ ಮಾಡುವ ಹುಡುಗ ಹುಡುಗಿಯರಿದ್ದಾರೆ ಅಂತ ಅವನಿಗೆ ಹೇಳಿ.

2029ರ ಏಪ್ರಿಲ್ 13, ಶುಕ್ರವಾರ. ಆಗ ಅವನಿಗೆ ಹದಿನೈದು. ಅವತ್ತು ಅಪೋಫಿಸ್ ಭೂಮಿಯಿಂದ ಸುಮಾರು 32,000 ಕಿಲೊಮೀಟರ್ ಎತ್ತರದಲ್ಲಿ ಹಾದುಹೋಗುತ್ತದೆ, ನಮ್ಮ ಟಿವಿ ಉಪಗ್ರಹಗಳಿಗಿಂತ ಹತ್ತಿರ. ಬಡಿಯುವುದಿಲ್ಲ, ಮುಂದಿನ ನೂರು ವರ್ಷ ಬಡಿಯುವುದಿಲ್ಲ ಎಂದು 2021ರಲ್ಲೇ ಲೆಕ್ಕ ಮುಗಿದಿದೆ. ತೀರಾ ಹತ್ತಿರ ಬರುವ ಹೊತ್ತಿಗೆ ನಮ್ಮ ಗಡಿಯಾರದಲ್ಲಿ 14ರ ಬೆಳಗಿನ ಜಾವ ಮೂರು ದಾಟಿರುತ್ತದೆ. ಊರಿನ ಕಡೆ ಬಿಸು ಹಬ್ಬದ ಹೊತ್ತು. ಆಗಲೂ ವಿಡಿಯೊಗಳು ಬರುತ್ತವೆ. ಆಗ ಅವನೇ ನಿಮಗೆ ವಿವರಿಸಲಿ.

ಬಾಕಿ ಉಳಿದದ್ದು ನಮ್ಮ ತಿದ್ದುಪಡಿ. ಈ ಸಲ ಮೂಲೆಯಲ್ಲಿ ಅಲ್ಲ, ಮೂರನೇ ಪುಟದಲ್ಲಿ ಹಾಕಿದ್ದೇವೆ. ಮೊಮ್ಮಗ ಇಂಗ್ಲಿಷ್ ಶಾಲೆಗೆ ಹೋಗುತ್ತಾನೆ, ಕನ್ನಡ ಕೂಡಿಸಿ ಕೂಡಿಸಿ ಓದುತ್ತಾನೆ ಅಂತ ಬರೆದಿದ್ದೀರಿ. ಅದಕ್ಕೇ ದೊಡ್ಡ ಅಕ್ಷರದಲ್ಲಿ, ಒತ್ತಕ್ಷರ ಆದಷ್ಟು ಕಡಿಮೆ ಮಾಡಿ ಬರೆಸಿದ್ದೇನೆ. 'ಕ್ಷುದ್ರಗ್ರಹ' ತೆಗೆದು 'ಬಾನಿನ ಕಲ್ಲು' ಅಂತ ಹಾಕಿದ್ದೇವೆ. ನೀವು ಓದಿ ಹೇಳಬೇಡಿ ಅಕ್ಕಾ, ಅವನೇ ಓದಲಿ.