ಉ: ಡಿಸ್ಕ್ 2 ಡ್ರೈವಿನ ಕರಕರ ಸದ್ದು

ಆಪಲ್ 2 ಕಂಪ್ಯೂಟರಿನ ಸ್ವಿಚ್ ಹಾಕಿದ ಕೂಡಲೇ ಫ್ಲಾಪಿ ಡ್ರೈವ್ ಕರಕರ ಎನ್ನುತ್ತದೆ, ಕೆಟ್ಟಿದೆಯೇ ಎಂದು ಕೇಳಿದ್ದೀರಿ. ಕೆಟ್ಟಿಲ್ಲ, ಗಾಬರಿಯಾಗಬೇಡಿ. 1978ರಲ್ಲಿ ಈ ಡ್ರೈವನ್ನು ರೂಪಿಸಿದ, ಆಪಲ್ ಸಹಸ್ಥಾಪಕ ಸ್ಟೀವ್ ವೋಜ್ನಿಯಾಕ್ ಬಿಡಿಭಾಗಗಳ ವಿಷಯದಲ್ಲಿ ಮಹಾ ಜಿಪುಣ. ಡಿಸ್ಕನ್ನು ಓದಿ ಬರೆಯುವ ಹೆಡ್ ಸೊನ್ನೆಯ ಟ್ರ್ಯಾಕಿಗೆ, ಅಂದರೆ ಡಿಸ್ಕಿನ ತೀರಾ ಹೊರಗಿನ ವೃತ್ತಕ್ಕೆ, ಬಂದಿದೆ ಎಂದು ತಿಳಿಸುವ ಸೆನ್ಸರನ್ನೂ ಅವರು ಇಡಲಿಲ್ಲ. ಹಾಗಾಗಿ ಆರಂಭದಲ್ಲಿ ಹೆಡ್ ಎಲ್ಲಿದೆಯೆಂಬುದು ಯಂತ್ರಕ್ಕೆ ಗೊತ್ತೇ ಇರುವುದಿಲ್ಲ. ಡಿಸ್ಕಿನಲ್ಲಿರುವುದು 35 ಟ್ರ್ಯಾಕ್. ಡ್ರೈವನ್ನು ನಿಯಂತ್ರಿಸುವ ಕಂಟ್ರೋಲರ್ ಕಾರ್ಡಿನ ಪುಟ್ಟ ಪ್ರೋಗ್ರಾಮ್ ಹೆಡ್ಡನ್ನು 40 ಟ್ರ್ಯಾಕಿನಷ್ಟು ಹಿಂದಕ್ಕೆ ತಳ್ಳುತ್ತದೆ. ಅಂಚು ಮುಟ್ಟಿದ ಮೇಲೂ ತಳ್ಳುತ್ತಲೇ ಇರುವುದರಿಂದ ಅದು ತಡೆಗೆ ಬಡಿದು ಸದ್ದಾಗುತ್ತದೆ. ಕತ್ತಲಲ್ಲಿ ಗೋಡೆಗೆ ಕೈ ತಾಗುವವರೆಗೆ ನಡೆದ ಹಾಗೆ.

ಸದ್ದು ನಿಂತ ಮೇಲೂ ಡಿಸ್ಕ್ ಸುಮ್ಮನೆ ತಿರುಗುತ್ತಲೇ ಇದ್ದರೆ ಮಾತ್ರ ಹೆಡ್ಡನ್ನು ಐಸೊಪ್ರೊಪೈಲ್ ಆಲ್ಕೋಹಾಲಿನಿಂದ ಮೃದುವಾಗಿ ಒರೆಸಿ ನೋಡಿ. ಬೇರೆ ಡಿಸ್ಕನ್ನೂ ಹಾಕಿ ನೋಡಿ. ಎಷ್ಟೋ ಸಲ ತಪ್ಪು ಡಿಸ್ಕಿನದೇ.

ನನಗೆ ಭಯವಿರುವುದು ಡ್ರೈವನ್ನು ಆ ಕಾರ್ಡಿಗೆ ಜೋಡಿಸುವ 20 ಪಿನ್ನಿನ ಪಟ್ಟಿ ಕೇಬಲ್ ಬಗ್ಗೆ. ಒಂದು ಪಿನ್ ಆಚೀಚೆ ಕೂರಿಸಿ ಸ್ವಿಚ್ ಹಾಕಿದರೆ ಡ್ರೈವಿನೊಳಗಿನ 74ಎಲ್‌ಎಸ್125 ಚಿಪ್ ಸುಟ್ಟುಹೋಗುತ್ತದೆ. ನಾನೇ ಒಂದನ್ನು ಸುಟ್ಟುಕೊಂಡಿದ್ದೇನೆ. ಟಾರ್ಚ್ ಹಿಡಿದು ಎರಡೂ ತುದಿಯ ಪಿನ್ನುಗಳನ್ನು ನೋಡಿಕೊಂಡ ಮೇಲೆಯೇ ಸ್ವಿಚ್ ಮುಟ್ಟಿ.